ಗಿಡ ತಾನೇ ಕಾಯಿಸಿಕೊಳ್ಳುವ ಕಷಾಯ: ತೋಟದವರು ಪದೇ ಪದೇ ಕೇಳುವ ಪ್ರಶ್ನೆಗಳು

ನಮ್ಮದು ಮೂಡಿಗೆರೆ ತಾಲ್ಲೂಕಿನಲ್ಲಿ ಒಂದು ಸಣ್ಣ ಕಾಫಿ ತೋಟ. ಕಾಫಿ ಮಧ್ಯೆ ಕಾಳುಮೆಣಸು, ಗದ್ದೆ ಬದಿಯಲ್ಲಿ ಒಂದಿಷ್ಟು ಅಡಿಕೆ. ಹೆಂಡತಿಯ ತವರು ಹಾಸನದ ಹತ್ತಿರ, ಅಲ್ಲಿ ಮಾವನವರದ್ದು ಆಲೂಗಡ್ಡೆ ಬೇಸಾಯ. ನಾನು ಕಾಲೇಜಿನಲ್ಲಿ ಸಸ್ಯಶಾಸ್ತ್ರ ಓದಿದವನು ಅನ್ನುವ ಒಂದೇ ಕಾರಣಕ್ಕೆ, ಮದುವೆ ಮನೆಯಲ್ಲಿ ಕೂಡ ಜನ ಜೇಬಿನಿಂದ ಒಣಗಿದ ಎಲೆ ತೆಗೆದು ಮುಖದ ಮುಂದೆ ಹಿಡಿಯುತ್ತಾರೆ. ಕೇಳುವ ಪ್ರಶ್ನೆಗಳು ಹೆಚ್ಚುಕಮ್ಮಿ ಅವೇ, ಗಿಡ ರೋಗವನ್ನು ತಾನೇ ಹೇಗೆ ತಡೆಯುತ್ತದೆ ಅನ್ನುವುದರ ಸುತ್ತಲೇ. ಅದಕ್ಕೇ ಒಂದು ಕಡೆ ಬರೆದಿಟ್ಟಿದ್ದೇನೆ.

ಪ್ರಶ್ನೆ: ಕಾಡಿನ ಗಿಡಕ್ಕೆ ಯಾರೂ ಔಷಧಿ ಹೊಡೆಯುವುದಿಲ್ಲ. ಅದು ಹೇಗೆ ಬದುಕುತ್ತೆ?

ಎಲ್ಲರೂ ಇದನ್ನೇ ಮೊದಲು ಕೇಳುವುದು. ಕಾಡಿನ ಗಿಡಕ್ಕೂ ರೋಗ ಬರುತ್ತದೆ, ನಾವು ಬಗ್ಗಿ ನೋಡುವುದಿಲ್ಲ ಅಷ್ಟೇ. ಆದರೆ ಒಂದು ಮಾತು ನಿಜ. ಗಾಳಿಯಲ್ಲಿ, ಮಣ್ಣಿನಲ್ಲಿ ಲೆಕ್ಕವಿಲ್ಲದಷ್ಟು ಶಿಲೀಂಧ್ರಗಳ ಬೀಜಕಣಗಳು ಇರುತ್ತವೆ. ಒಂದು ಕಾಫಿ ಎಲೆಯ ಮೇಲೆ ದಿನಕ್ಕೆ ಎಷ್ಟೋ ಬಗೆಯವು ಬಂದು ಕೂರುತ್ತವೆ. ಅವುಗಳಲ್ಲಿ ಬೆರಳೆಣಿಕೆಯಷ್ಟಕ್ಕೆ ಮಾತ್ರ ಕಾಫಿ ಗಿಡಕ್ಕೆ ರೋಗ ತರಲು ಆಗುವುದು. ಉಳಿದವನ್ನೆಲ್ಲ ಗಿಡವೇ ಬಾಗಿಲಲ್ಲಿ ತಡೆಯುತ್ತದೆ.

ನಮಗಾದರೆ ರಕ್ತ ಇದೆ, ರಕ್ತದಲ್ಲಿ ಓಡಾಡುವ ಬಿಳಿ ಕಣಗಳಿವೆ. ಗಿಡಕ್ಕೆ ಅಂಥ ಪೊಲೀಸರಿಲ್ಲ. ಪ್ರತಿ ಜೀವಕೋಶವೂ ತನ್ನ ಮನೆಯನ್ನು ತಾನೇ ಕಾಯಬೇಕು. ಹಾಗಾಗಿ ಪ್ರತಿ ಕೋಶದಲ್ಲೂ ಒಂದು ಸಣ್ಣ ಔಷಧಿ ಅಂಗಡಿ ಇದೆ. ಗೋಡೆ ಗಟ್ಟಿ ಮಾಡಿಕೊಳ್ಳುವುದೂ ಇದೆ, ಶಿಲೀಂಧ್ರದ ಗೋಡೆಯನ್ನು ಕರಗಿಸುವ ಕಿಣ್ವಗಳೂ ಇವೆ. ನಾನು ಇಲ್ಲಿ ಹೇಳುವುದು ಮುಖ್ಯವಾಗಿ ರಾಸಾಯನಿಕಗಳ ಬಗ್ಗೆ.

ಪ್ರಶ್ನೆ: ಫೈಟೊಅಲೆಕ್ಸಿನ್ ಅಂತ ಎಲ್ಲೋ ಓದಿದೆ. ಏನದು?

ಗಿಡದ ಮೇಲೆ ರೋಗಾಣು ಬಿದ್ದ ಮೇಲೆ, ಬಿದ್ದ ಜಾಗದಲ್ಲೇ ಗಿಡ ಹೊಸದಾಗಿ ತಯಾರಿಸುವ ವಿಷ. ಗ್ರೀಕ್ ಭಾಷೆಯಲ್ಲಿ ಫೈಟಾನ್ ಅಂದರೆ ಗಿಡ, ಅಲೆಕ್ಸೀನ್ ಅಂದರೆ ತಡೆಯುವುದು. ಹೆಸರು ದೊಡ್ಡದು. ಮನೆಯಲ್ಲಿ ನೆಗಡಿ ಬಂದ ಮೇಲೆ ಮೆಣಸಿನ ಕಷಾಯ ಕಾಯಿಸುತ್ತೇವಲ್ಲ, ಹಾಗೆ ಅಂದುಕೊಳ್ಳಿ. ಮೊದಲೇ ಮಾಡಿ ಇಟ್ಟಿರುವುದಿಲ್ಲ, ಬೇಕಾದಾಗ ಕಾಯಿಸುವುದು.

ಹಾಸನದವರಿಗೆ ಖುಷಿಯಾಗುವ ವಿಷಯ ಅಂದರೆ ಈ ಕಥೆ ಶುರುವಾಗಿದ್ದೇ ಆಲೂಗಡ್ಡೆಯಿಂದ, ಅದೂ ಅಂಗಮಾರಿ ರೋಗದಿಂದ. 1940ರಲ್ಲಿ ಜರ್ಮನಿಯ ಮ್ಯೂಲರ್ ಮತ್ತು ಬೋರ್ಗರ್ ಎಂಬಿಬ್ಬರು ಆಲೂಗಡ್ಡೆಯನ್ನು ಕತ್ತರಿಸಿ, ಆ ಮುಖದ ಮೇಲೆ ಅಂಗಮಾರಿ ತರುವ ರೋಗಾಣುವಿನ ಒಂದು ಬಗೆಯನ್ನು ಬಿಟ್ಟರು. ಆ ಬಗೆಗೆ ಆ ತಳಿಯಲ್ಲಿ ರೋಗ ತರುವ ತಾಕತ್ತಿರಲಿಲ್ಲ. ಆಮೇಲೆ ಅದೇ ಜಾಗಕ್ಕೆ ತಾಕತ್ತಿರುವ ಬಗೆಯನ್ನು ಬಿಟ್ಟರು. ಅದೂ ಬೆಳೆಯಲಿಲ್ಲ! ಮೊದಲು ಬಂದವನಿಗೆ ಕಾಯಿಸಿದ ಕಷಾಯ ಎರಡನೆಯವನಿಗೂ ತಾಗಿತ್ತು. ಅದು ಯಾವ ವಸ್ತು ಅಂತ ಅವರ ಕೈಗೆ ಸಿಗಲಿಲ್ಲ. ಆದರೆ ಹೀಗೊಂದು ವಸ್ತು ಇದ್ದೇ ಇರಬೇಕು ಅಂತ ಹೇಳಿ ಹೆಸರಿಟ್ಟರು.

ಕೈಗೆ ಸಿಕ್ಕಿದ್ದು 20 ವರ್ಷದ ಮೇಲೆ, ಬಟಾಣಿಯಲ್ಲಿ. 1960ರಲ್ಲಿ ಆಸ್ಟ್ರೇಲಿಯಾದ ಕ್ರೂಕ್‌ಶ್ಯಾಂಕ್ ಮತ್ತು ಪೆರಿನ್ ಅದನ್ನು ಬೇರ್ಪಡಿಸಿ ಪಿಸಾಟಿನ್ ಅಂತ ಕರೆದರು. ಅವರ ವಿಧಾನ ನನಗೆ ಬಹಳ ಇಷ್ಟ. ಹಸಿ ಬಟಾಣಿ ಕಾಯಿಯನ್ನು ಸೀಳಿ, ಕಾಳು ತೆಗೆದು, ಕಾಳು ಕೂತಿದ್ದ ಗುಳಿಯನ್ನೇ ಬಟ್ಟಲು ಮಾಡಿಕೊಂಡರು. ಅದರಲ್ಲಿ ಬೀಜಕಣ ಬೆರೆಸಿದ ನೀರಿನ ಹನಿ ಇಟ್ಟರು. ಸ್ವಲ್ಪ ಹೊತ್ತು ಬಿಟ್ಟು ಆ ಹನಿಯನ್ನೇ ಎತ್ತಿ ಪರೀಕ್ಷೆ ಮಾಡಿದರೆ ಅದರೊಳಗೆ ಗಿಡದ ವಿಷ ಇಳಿದಿತ್ತು. ಆಲೂಗಡ್ಡೆಯ ವಸ್ತು ಸಿಕ್ಕಿದ್ದು ಇನ್ನೂ ತಡವಾಗಿ, 1968ರಲ್ಲಿ ಜಪಾನಿನಲ್ಲಿ. ರಿಶಿರಿ ಅನ್ನುವ ತಳಿಯಲ್ಲಿ ಸಿಕ್ಕಿದ್ದಕ್ಕೆ ರಿಶಿಟಿನ್ ಅಂತ ಹೆಸರಾಯಿತು.

ಆಮೇಲೆ ನೂರಾರು ಸಿಕ್ಕಿವೆ. ಒಂದೊಂದು ಕುಲಕ್ಕೆ ಒಂದೊಂದು ಕೈರುಚಿ. ಅವರೆ, ಬಟಾಣಿ, ಸೋಯಾ ಜಾತಿಯವು ಒಂದು ಬಗೆಯದನ್ನು ಮಾಡುತ್ತವೆ. ಆಲೂಗಡ್ಡೆ, ಮೆಣಸಿನಕಾಯಿ ಕುಟುಂಬದ್ದು ಬೇರೆಯೇ. ದ್ರಾಕ್ಷಿ ಮತ್ತು ಕಡಲೆಕಾಯಿ ಎರಡೂ ರೆಸ್ವೆರಟ್ರಾಲ್ ಮಾಡುತ್ತವೆ. ಹೌದು, ಕೆಂಪು ವೈನಿನ ಜಾಹೀರಾತಿನಲ್ಲಿ ಬರುತ್ತಲ್ಲ, ಅದೇ. ಮನುಷ್ಯರ ಹೃದಯದ ಮೇಲಿನ ಪ್ರೀತಿಗೆ ದ್ರಾಕ್ಷಿ ಅದನ್ನು ಮಾಡುವುದಲ್ಲ, ಬೂಷ್ಟಿನ ಕಾಟಕ್ಕೆ.

ಪ್ರಶ್ನೆ: ಬೇವು, ಬೆಳ್ಳುಳ್ಳಿ, ಅರಿಶಿನ ಇವೂ ಅದೇನಾ?

ಅಲ್ಲ. ಅವುಗಳಲ್ಲಿರುವುದು ರೋಗ ಬರುವ ಮೊದಲೇ ಮಾಡಿಟ್ಟ ದಾಸ್ತಾನು. ಅಡುಗೆಮನೆಯಲ್ಲಿ ಘಾಟು, ಕಹಿ, ಒಗರು ಅಂತ ನಾವು ಗುರುತಿಸುವುದೆಲ್ಲ ಹೆಚ್ಚಾಗಿ ಈ ದಾಸ್ತಾನೇ. ಅಡಿಕೆ ಬೇಯಿಸಿದ ನೀರು ಕುದಿದು ಕುದಿದು ಚೊಗರು ಆಗುತ್ತಲ್ಲ, ಆ ಕೆಂಪು, ಆ ಒಗರು ಅಡಿಕೆಯೊಳಗಿನ ಟ್ಯಾನಿನ್.

ಕಡೂರು, ಅಜ್ಜಂಪುರದ ಕಡೆ ಈರುಳ್ಳಿ ಬೆಳೆಯುವವರಿಗೆ ಒಂದು ಉದಾಹರಣೆ ಕೊಡುತ್ತೇನೆ. ಬಿಳಿ ಈರುಳ್ಳಿಯ ಸಿಪ್ಪೆ ಮೇಲೆ ಕಪ್ಪು ಮಸಿಯಂಥ ಚುಕ್ಕೆ ತರುವ ಒಂದು ರೋಗ ಇದೆ. ಕೆಂಪು ಈರುಳ್ಳಿಗೆ ಅದು ಹತ್ತುವುದಿಲ್ಲ. ಯಾಕೆ ಅಂತ ಅಮೆರಿಕದ ವಾಕರ್ ಮತ್ತು ಲಿಂಕ್ 1930ರ ಆಸುಪಾಸಿನಲ್ಲಿ ಕಂಡುಹಿಡಿದರು. ಕೆಂಪು ಈರುಳ್ಳಿಯ ಒಣ ಸಿಪ್ಪೆಯಲ್ಲಿ ಕ್ಯಾಟೆಕಾಲ್ ಮತ್ತು ಪ್ರೊಟೊಕ್ಯಾಟೆಚುಯಿಕ್ ಆಮ್ಲ ಅಂತ ಎರಡು ವಸ್ತುಗಳಿವೆ. ಮಳೆ ಹನಿ ಬಿದ್ದ ಕೂಡಲೇ ಅವು ಹನಿಯಲ್ಲಿ ಕರಗುತ್ತವೆ. ಆ ಹನಿಯಲ್ಲಿ ಬೀಜಕಣ ಮೊಳೆಯುವುದೇ ಇಲ್ಲ. ಸಿಪ್ಪೆ ಸುಲಿದುಬಿಟ್ಟರೆ ಕೆಂಪು ಈರುಳ್ಳಿಯೂ ಬಿಳಿಯದರಂತೆ ರೋಗಕ್ಕೆ ಬಗ್ಗುತ್ತದೆ. ಅಂದರೆ ನಾವು ಬೀಸಾಡುವ ಸಿಪ್ಪೆಯಲ್ಲೇ ಅದರ ಬಂದೋಬಸ್ತು ಇರುವುದು.

ಸಾಸಿವೆ, ಬೆಳ್ಳುಳ್ಳಿಯದು ಇನ್ನೂ ಜಾಣತನ. ಸಾಸಿವೆ ಕಾಳನ್ನು ಮೂಸಿ ನೋಡಿ, ಘಾಟಿಲ್ಲ. ಅರೆದ ತಕ್ಷಣ ಮೂಗಿಗೆ ಹೊಡೆಯುತ್ತದೆ. ಒಂದು ಖಾನೆಯಲ್ಲಿ ಮದ್ದು, ಇನ್ನೊಂದು ಖಾನೆಯಲ್ಲಿ ಕಿಣ್ವ. ಕೋಶ ಒಡೆದಾಗ ಮಾತ್ರ ಎರಡೂ ಸೇರುತ್ತವೆ. ಬೆಳ್ಳುಳ್ಳಿ ಜಜ್ಜಿದಾಗಲೂ ಇದೇ ಆಗುವುದು.

ಪ್ರಶ್ನೆ: ಕಣ್ಣಿಲ್ಲದ ಗಿಡಕ್ಕೆ ಶತ್ರು ಬಂದಿದ್ದು ಗೊತ್ತಾಗುವುದು ಹೇಗೆ?

ಕೋಶದ ಹೊರಗೋಡೆಯ ಹತ್ತಿರ ಕಾವಲು ಪ್ರೋಟೀನುಗಳಿವೆ. ಶಿಲೀಂಧ್ರದ ಗೋಡೆಯಲ್ಲಿ ಕೈಟಿನ್ ಎಂಬ ವಸ್ತು ಇದೆ. ಗಿಡದ ಮೈಯಲ್ಲಿ ಕೈಟಿನ್ ಇಲ್ಲ. ಹಾಗಾಗಿ ಕೈಟಿನ್ ಚೂರು ತಾಗಿತು ಅಂದರೆ ಹೊರಗಿನವರು ಬಂದರು ಅಂತ ಅರ್ಥ. ಬ್ಯಾಕ್ಟೀರಿಯಾದ ಬಾಲದ ಪ್ರೋಟೀನನ್ನೂ ಹೀಗೇ ಗುರುತಿಸುತ್ತದೆ. ತನ್ನದೇ ಗೋಡೆಯ ಚೂರು ಕಿತ್ತು ಬಂದರೂ ಗಿಡ ಎಚ್ಚೆತ್ತುಕೊಳ್ಳುತ್ತದೆ. ಯಾರೋ ಗೋಡೆ ಒಡೆಯುತ್ತಿದ್ದಾರೆ ಅಂತ ತಾನೇ ಅದರರ್ಥ?

ಕೆಲವೊಮ್ಮೆ ಗಿಡ ಇನ್ನೂ ಮುಂದಕ್ಕೆ ಹೋಗುತ್ತದೆ. ಶತ್ರು ಹೊಕ್ಕ ಕೋಶವನ್ನೇ ಬೇಕೆಂದು ಸಾಯಿಸುತ್ತದೆ. ತುಕ್ಕು ರೋಗದ ಶಿಲೀಂಧ್ರಕ್ಕೆ ಬದುಕಲು ಜೀವಂತ ಕೋಶವೇ ಬೇಕು. ಕೋಶ ಸತ್ತರೆ ಅದೂ ಉಪವಾಸ ಬಿದ್ದು ಸಾಯುತ್ತದೆ. 1902ರಲ್ಲಿ ಇದನ್ನು ಒಂದು ಹುಲ್ಲಿನ ತುಕ್ಕು ರೋಗದಲ್ಲಿ ನೋಡಿ ಬರೆದವರು ಮಾರ್ಷಲ್ ವಾರ್ಡ್. ಕಾಫಿಯವರು ಈ ಹೆಸರು ನೆನಪಿಟ್ಟುಕೊಳ್ಳಬೇಕು. ಸಿಲೋನಿನ ಕಾಫಿಯನ್ನು ತುಕ್ಕು ರೋಗ ನುಂಗುತ್ತಿದ್ದಾಗ, 1880ರ ಹೊತ್ತಿಗೆ, ಅದನ್ನು ಅಧ್ಯಯನ ಮಾಡಲು ಅಲ್ಲಿಗೆ ಹೋಗಿದ್ದವರು ಇವರೇ.

ಪ್ರಶ್ನೆ: ಇದೆಲ್ಲ ಬರಿಗಣ್ಣಿಗೆ ಕಾಣುತ್ತಾ?

ಕೆಲವು ಕಾಣುತ್ತವೆ. ಅರಸೀಕೆರೆ ಕಡೆ ಹೋದಾಗ ಜೋಳದ ಹೊಲಕ್ಕೆ ಇಳಿದು ನೋಡಿ. ಗರಿ ಮೇಲೆ ಕೆಂಪು, ನೇರಳೆ, ಇಟ್ಟಿಗೆ ಬಣ್ಣದ ಮಚ್ಚೆ ಇರುತ್ತವೆ. ಎಲ್ಲರೂ ಅದನ್ನು ರೋಗದ ಬಣ್ಣ ಅಂದುಕೊಳ್ಳುತ್ತಾರೆ. ಆ ಬಣ್ಣ ಜೋಳದ್ದೇ. ಶಿಲೀಂಧ್ರ ಕಾಲಿಟ್ಟ ಕಡೆ ಜೋಳದ ಕೋಶದೊಳಗೆ ಸಣ್ಣ ಸಣ್ಣ ಗುಳ್ಳೆಗಳಲ್ಲಿ ಕಿತ್ತಳೆ, ಕೆಂಪು ಬಣ್ಣದ ಫೈಟೊಅಲೆಕ್ಸಿನ್ ತುಂಬಿಕೊಳ್ಳುತ್ತದೆ. ಆ ಗುಳ್ಳೆಗಳು ಶಿಲೀಂಧ್ರ ಹೊಕ್ಕುತ್ತಿರುವ ಜಾಗದ ಕಡೆಗೇ ಸರಿಯುತ್ತವೆ, ಅಲ್ಲಿ ಒಡೆದು ಸುರಿಯುತ್ತವೆ. ಕೋಶವೂ ಸಾಯುತ್ತದೆ, ಶಿಲೀಂಧ್ರವೂ ಸಾಯುತ್ತದೆ. ಸೂಕ್ಷ್ಮದರ್ಶಕದಲ್ಲಿ ಇದನ್ನು ಮೊದಲ ಸಲ ನೋಡಿದ ದಿನ ನಾನು ಮಧ್ಯಾಹ್ನದ ಊಟಕ್ಕೆ ಎದ್ದಿರಲಿಲ್ಲ.

ಕಾಫಿಯಲ್ಲಾದರೆ, ತಡೆಯುವ ಶಕ್ತಿ ಇರುವ ಗಿಡದ ಎಲೆಯನ್ನು ಬೆಳಕಿಗೆ ಹಿಡಿಯಿರಿ. ಸಾಸಿವೆ ಕಾಳಿನಷ್ಟು ಮಂಕು ಹಳದಿ ಚುಕ್ಕೆ ಇರುತ್ತದೆ, ಹಿಂದೆ ತಿರುಗಿಸಿದರೆ ಕಿತ್ತಳೆ ಪುಡಿ ಇರುವುದಿಲ್ಲ. ಅಲ್ಲಿ ರಸ್ಟ್, ಅಂದರೆ ತುಕ್ಕು ರೋಗ, ಬಂದಿತ್ತು, ಗಿಡ ನಿಲ್ಲಿಸಿತು. ಪುಡಿ ಬೆರಳಿಗೆ ಹತ್ತಿದರೆ ಗಿಡ ಸೋತಿದೆ.

ಪ್ರಶ್ನೆ: ಇಷ್ಟೆಲ್ಲ ಇದ್ದೂ ನಮ್ಮ ತೋಟಕ್ಕೆ ರೋಗ ಯಾಕೆ ಬರುತ್ತೆ?

ಇದು ಒಳ್ಳೆಯ ಪ್ರಶ್ನೆ. ನನಗೆ ಕಂಡ ಉತ್ತರ ಒಂದೇ: ಗಿಡಕ್ಕೆ ಮದ್ದು ಗೊತ್ತಿರುತ್ತದೆ, ಹೊತ್ತು ಸಾಲುವುದಿಲ್ಲ. ರೋಗ ತಡೆಯುವ ತಳಿಯೂ, ರೋಗಕ್ಕೆ ಬಗ್ಗುವ ತಳಿಯೂ ಎಷ್ಟೋ ಸಲ ಒಂದೇ ವಸ್ತುವನ್ನು ತಯಾರಿಸುತ್ತವೆ. ಒಂದು ಕೆಲವೇ ಗಂಟೆಗಳಲ್ಲಿ, ಶಿಲೀಂಧ್ರ ಎರಡು ಮೂರು ಕೋಶ ದಾಟುವುದರೊಳಗೆ ಮಾಡುತ್ತದೆ. ಇನ್ನೊಂದು ಎರಡು ದಿನ ಬಿಟ್ಟು ಮಾಡುತ್ತದೆ, ಅಷ್ಟು ಹೊತ್ತಿಗೆ ಎಲೆ ಅರ್ಧ ಹೋಗಿರುತ್ತದೆ.

ಪುಷ್ಯ, ಆಶ್ಲೇಷ ಮಳೆಯಲ್ಲಿ ವಾರಗಟ್ಟಲೆ ಎಲೆ ಒಣಗುವುದೇ ಇಲ್ಲ, ಬಿಸಿಲು ಕಾಣುವುದಿಲ್ಲ. ಮೆಣಸಿನ ಬಳ್ಳಿಯ ಸೊರಗು ರೋಗದ ರೋಗಾಣುವಿಗೆ ಅದು ಹಬ್ಬ. ಅದರ ಕಣಗಳು ನೀರಿನಲ್ಲಿ ಈಜಿಕೊಂಡೇ ಬರುತ್ತವೆ. ಬಳ್ಳಿಗೋ, ಬೇರಿನ ಸುತ್ತ ನೀರು ನಿಂತು ಉಸಿರು ಕಟ್ಟಿರುತ್ತದೆ. ಕಷಾಯ ಕಾಯಿಸಲು ಒಲೆಗೆ ಸೌದೆ ಬೇಕಲ್ಲ? ಗಿಡಕ್ಕೆ ಸೌದೆ ಅಂದರೆ ಬಿಸಿಲಿನಲ್ಲಿ ಮಾಡಿಟ್ಟ ಸಕ್ಕರೆ. ಚರಂಡಿ ಬಿಡಿಸಿ, ಹೊತ್ತಿಗೆ ಸರಿಯಾಗಿ ಮರಗಸಿ (ನೆರಳು ಮರದ ಕೊಂಬೆ ಸವರುವುದು) ಮಾಡಿ ಅಂತ ಹಿರಿಯರು ಹೇಳುತ್ತಿದ್ದುದರಲ್ಲಿ ಇದೂ ಸೇರಿದೆ.

ನೀರು ಕಡಿಮೆಯಾದರೂ ಕಷ್ಟ. ಕಡಲೆಕಾಯಿ ಇದಕ್ಕೆ ಸಾಕ್ಷಿ. ನೆಲದೊಳಗಿನ ಕಾಳಿನಲ್ಲಿ ತೇವ ಇರುವವರೆಗೆ ಅದು ಬೂಷ್ಟನ್ನು ತಡೆಯುವ ವಸ್ತು ಮಾಡುತ್ತಲೇ ಇರುತ್ತದೆ. ಕಾಯಿ ಬಲಿಯುವ ಹೊತ್ತಿಗೆ ಮಳೆ ಕೈಕೊಟ್ಟು ಕಾಳು ಒಣಗಿತು ಅಂದರೆ ಆ ಶಕ್ತಿ ನಿಲ್ಲುತ್ತದೆ. ಆಗಲೇ ಹಸಿರು ಬೂಷ್ಟು ಹೊಕ್ಕು ಅಫ್ಲಟಾಕ್ಸಿನ್ ಎಂಬ ವಿಷ ಸೇರಿಸುವುದು.

ಇನ್ನು ಶತ್ರುಗಳೂ ಸುಮ್ನೆ ಕೂತಿಲ್ಲ. ಬಟಾಣಿಗೆ ರೋಗ ತರುವ ಒಂದು ಶಿಲೀಂಧ್ರ ಪಿಸಾಟಿನ್ ಅನ್ನೇ ಮುರಿದು ಹಾಕುವ ಕಿಣ್ವ ಇಟ್ಟುಕೊಂಡಿದೆ. ಟೊಮ್ಯಾಟೊ ಎಲೆಯ ಟೊಮ್ಯಾಟಿನ್ ಅನ್ನು ಮುರಿಯುವವೂ ಇವೆ. ಇನ್ನು ಕೆಲವು ಕಾವಲುಗಾರನ ಕಣ್ಣಿಗೇ ಮಣ್ಣೆರಚುವ ಪ್ರೋಟೀನುಗಳನ್ನು ಕೋಶದೊಳಗೆ ಬಿಡುತ್ತವೆ. ಗಿಡಕ್ಕೆ ಯಾರೂ ಬಂದಿದ್ದೇ ಗೊತ್ತಾಗುವುದಿಲ್ಲ.

ಪ್ರಶ್ನೆ: ರಸ್ಟ್ ಬರದ ಕಾಫಿ ತಳಿ ಅಂತ ಹಾಕಿದೆವು. ಈಗ ಅದಕ್ಕೂ ಬಂದಿದೆ. ಮೋಸ ಅಲ್ವಾ?

ಮೋಸ ಅಲ್ಲ. ನಮ್ಮ ಜಿಲ್ಲೆಯಲ್ಲೇ ಇದರ ಹಳೇ ಕಥೆ ಇದೆ. ಕಳೆದ ಶತಮಾನದ ಮೊದಲಲ್ಲಿ ಕೆಂಟ್ ತಳಿ ಬಂತು. ರಸ್ಟ್ ತಡೆಯುತ್ತೆ ಅಂತ ಎಲ್ಲರೂ ಹಾಕಿದರು. ಕೆಲವೇ ವರ್ಷಗಳಲ್ಲಿ ಅದಕ್ಕೂ ರಸ್ಟ್ ಬಂತು. ಯಾಕೆ ಹೀಗೆ ಅಂತ ಬಾಳೆಹೊನ್ನೂರಿನ ಕಾಫಿ ಸಂಶೋಧನಾ ಕೇಂದ್ರದಲ್ಲಿ ಹುಡುಕಿದ ಮೇನ್ ಎಂಬ ವಿಜ್ಞಾನಿ, ರಸ್ಟ್ ಶಿಲೀಂಧ್ರದಲ್ಲೇ ಬೇರೆ ಬೇರೆ ಬಗೆಗಳಿವೆ ಅಂತ 1932ರಲ್ಲಿ ತೋರಿಸಿದರು. ಆ ಕೇಂದ್ರ ಶುರುವಾಗಿದ್ದು 1925ರಲ್ಲಿ. ಆಮೇಲೆ ಕೆಂಟ್ ಜೊತೆ ಎಸ್.288 ಎಂಬ ತಳಿಯನ್ನು ಸೇರಿಸಿ ಎಸ್.795 ಎಂಬ ಹೊಸ ತಳಿ ಮಾಡಿದರು. ಎಸ್.288ರಲ್ಲಿ ಲೈಬೀರಿಕಾ ಕಾಫಿಯ ರಕ್ತ ಇದೆ. ಅಲ್ಲಿಂದ ಬಂದ ಕಾವಲು ಜೀನು ಎಸ್.795ರಲ್ಲಿ ಬಹಳ ಕಾಲ ಕೆಲಸ ಮಾಡಿತು. ಈಗ ಅದನ್ನೂ ದಾಟುವ ಬಗೆಗಳಿವೆ.

ಇಲ್ಲಿ ಒಂದು ವಿಷಯ ಬಿಡಿಸಿ ಹೇಳಬೇಕು. ತಳಿಯವರು ಗಿಡಕ್ಕೆ ಕೊಟ್ಟಿದ್ದು ಹೊಸ ಔಷಧಿಯನ್ನಲ್ಲ, ಹೊಸ ಕಾವಲು ನಾಯಿಯನ್ನು. ಔಷಧಿ ಎಲ್ಲ ಗಿಡದಲ್ಲೂ ಇದೆ. ನಾಯಿ ಬೇಗ ಬೊಗಳಿದರೆ ಔಷಧಿ ಬೇಗ ತಯಾರಾಗುತ್ತದೆ. ಆದರೆ ಒಂದು ನಾಯಿ ಒಬ್ಬ ಕಳ್ಳನ ವಾಸನೆ ಮಾತ್ರ ಹಿಡಿಯುತ್ತದೆ. ಕಳ್ಳ ಅಂಗಿ ಬದಲಿಸಿ ಬಂದರೆ ಮುಗಿಯಿತು.

ಪ್ರಶ್ನೆ: ಕಾಫಿಯ ಕೆಫೀನ್ ಕೂಡ ಗಿಡದ ರಕ್ಷಣೆಗೇನಾ?

ಹೌದು, ಆದರೆ ಹೆಚ್ಚಾಗಿ ಹುಳು, ಬಸವನಹುಳುಗಳ ವಿರುದ್ಧ. ಎಳೆ ಚಿಗುರಿನಲ್ಲಿ ಜಾಸ್ತಿ, ಬಲಿತ ಎಲೆಯಲ್ಲಿ ಕಡಿಮೆ. ಎಲ್ಲಿ ಮೆತ್ತಗಿದೆಯೋ ಅಲ್ಲಿ ಕಾವಲು. ಅರೇಬಿಕಾ ಬೀಜದಲ್ಲಿ ಸುಮಾರು 1.2%, ರೊಬಸ್ಟಾದಲ್ಲಿ ಅದರ ಹತ್ತಿರ ಹತ್ತಿರ ಎರಡರಷ್ಟು. ರೊಬಸ್ಟಾ ಗಟ್ಟಿ ಗಿಡ ಅನ್ನುವುದಕ್ಕೆ ಇದೊಂದೇ ಕಾರಣ ಅಂತ ಮಾತ್ರ ಹೇಳಬೇಡಿ. ಕಾಫಿಯಲ್ಲಿ ಕ್ಲೋರೊಜೆನಿಕ್ ಆಮ್ಲವೂ ಇದೆ, ಅದೂ ರೊಬಸ್ಟಾದಲ್ಲೇ ಜಾಸ್ತಿ.

ಪ್ರಶ್ನೆ: ಹಾಗಾದರೆ ಬೋರ್ಡೋ ಹೊಡೆಯೋದು ಬಿಡಬಹುದಾ?

ದಯವಿಟ್ಟು ಬಿಡಬೇಡಿ. ಅಡಿಕೆ ಕೊಳೆರೋಗಕ್ಕೆ, ಮೆಣಸಿಗೆ, ಕಾಫಿಗೆ ಮೈಲುತುತ್ತ ಮತ್ತು ಸುಣ್ಣ ಬೆರೆಸಿದ ಬೋರ್ಡೋ ದ್ರಾವಣ ಇವತ್ತಿಗೂ ಕೆಲಸಕ್ಕೆ ಬರುತ್ತದೆ. 1% ಅಂದರೆ 1 ಕೆಜಿ ಮೈಲುತುತ್ತ, 1 ಕೆಜಿ ಸುಣ್ಣ, 100 ಲೀಟರ್ ನೀರು. ಅದು ಎಲೆ ಮೇಲೆ, ಗೊನೆ ಮೇಲೆ ಕೂತು ಬೀಜಕಣವನ್ನು ಅಲ್ಲೇ ಕೊಲ್ಲುತ್ತದೆ. ಒಳಗೆ ಹೊಕ್ಕ ಮೇಲೆ ಹೊಡೆದರೆ ಏನೂ ಉಪಯೋಗ ಇಲ್ಲ, ಹಾಗಾಗಿ ಮಳೆಗೆ ಮುಂಚೆ ಮೊದಲ ಸಲ. ಒಂದು ತಮಾಷೆ ಏನೆಂದರೆ, ಪ್ರಯೋಗಾಲಯದಲ್ಲಿ ತಾಮ್ರದ ಉಪ್ಪನ್ನು ಬಟಾಣಿ ಕಾಯಿಗೆ ಹಾಕಿದಾಗ ಕಾಯಿ ರೋಗ ಬಂತೆಂದು ಗಾಬರಿಯಾಗಿ ಪಿಸಾಟಿನ್ ಮಾಡಿತ್ತು.

ಎರಡೂ ಕೆಲಸ ಮಾಡುವ ಔಷಧಿಯೂ ಇದೆ. ಮೆಣಸಿಗೆ ಕೊಡುವ ಪೊಟ್ಯಾಶಿಯಂ ಫಾಸ್ಫೊನೇಟ್ ರೋಗಾಣುವನ್ನು ನೇರವಾಗಿ ಕುಗ್ಗಿಸುತ್ತದೆ, ಜೊತೆಗೆ ಗಿಡದ ತಡೆಯುವ ಶಕ್ತಿಯನ್ನೂ ಎಬ್ಬಿಸುತ್ತದೆ.

ಪ್ರಶ್ನೆ: ಅಂಗಡಿಯಲ್ಲಿ ಗಿಡಕ್ಕೆ ಇಮ್ಯುನಿಟಿ ಕೊಡುವ ಬಾಟಲಿ ಅಂತ ಕೊಡ್ತಾರೆ. ತರಲಾ?

ಲೇಬಲ್ಲು ಓದಿ. ಒಳಗೆ ಏನಿದೆ, ಎಷ್ಟಿದೆ ಅಂತ ಬರೆದಿಲ್ಲವಾ, ವಾಪಸು ಇಟ್ಟುಬಿಡಿ. ನಾನು ಒಂದು ವರ್ಷ ಮೋಸ ಹೋಗಿದ್ದೇನೆ. ಕಂದು ಬಣ್ಣದ ದ್ರಾವಣ, ಬೆಲ್ಲದ ವಾಸನೆ, ಮೇಲೆ ಹಸಿರು ಎಲೆಯ ಚಿತ್ರ. ಅದನ್ನು ನಂಬಿ ಬಳ್ಳಿಗೆ ಬೋರ್ಡೋ ತಡ ಮಾಡಿದೆ. ಆ ಮಳೆಗಾಲ ಮೇಲಿನ ಪಟ್ಟೆಯಲ್ಲಿ 40 ಬಳ್ಳಿ ಹೋದವು. ಅಪ್ಪ ಏನೂ ಬೈಯಲಿಲ್ಲ. ಖಾಲಿ ಬಾಟಲಿಯನ್ನು ತೊಳೆದು ಸೀಮೆಎಣ್ಣೆ ತುಂಬಿ ನಾನು ದಿನಾ ನೋಡುವ ಕಿಟಕಿಯಲ್ಲಿ ಇಟ್ಟರು.

ವಿಷಯ ಮಾತ್ರ ಸುಳ್ಳಲ್ಲ. ಟ್ರೈಕೋಡರ್ಮ, ಸ್ಯೂಡೊಮೊನಾಸ್ ಎಂಬ ಒಳ್ಳೆಯ ಸೂಕ್ಷ್ಮಜೀವಿಗಳು ಬೇರಿನ ಹತ್ತಿರ ಬೆಳೆದು ಗಿಡವನ್ನು ತುದಿಗಾಲಲ್ಲಿ ನಿಲ್ಲಿಸುತ್ತವೆ. ಆಗ ನಿಜವಾದ ಶತ್ರು ಬಂದಾಗ ಗಿಡ ಬೇಗ ಎದುರಿಸುತ್ತದೆ. ಆದರೆ ಅವು ಜೀವ ಇರುವವು. ಅಂಗಡಿಯ ತಗಡಿನ ಮಾಡಿನ ಕೆಳಗೆ ಎರಡು ಬೇಸಿಗೆ ಕಳೆದ ಪ್ಯಾಕೆಟ್ಟಿನಲ್ಲಿ ಜೀವ ಎಲ್ಲಿಂದ ಬರಬೇಕು? ತಯಾರಾದ ತಾರೀಕು ನೋಡಿ. ಹಟ್ಟಿಗೊಬ್ಬರದಲ್ಲಿ ಬೆರೆಸಿ, ನೆರಳಲ್ಲಿ ತೇವ ಮಾಡಿ ಬೆಳೆಸಿ ಹಾಕಿ. ಬೋರ್ಡೋ ಹೊಡೆದ ಬೆನ್ನಿಗೇ ಬುಡಕ್ಕೆ ಸುರಿಯಬೇಡಿ.

ಪ್ರಶ್ನೆ: ಆಸ್ಪಿರಿನ್ ಮಾತ್ರೆ ಕರಗಿಸಿ ಹೊಡೆದರೆ ರೋಗ ಬರಲ್ಲವಂತೆ?

ಇದರ ಬೇರು ನಿಜವಾದದ್ದು. ಗಿಡದ ಒಂದು ಎಲೆಗೆ ರೋಗ ತಾಗಿದರೆ ಉಳಿದ ಎಲೆಗಳೂ ಎಚ್ಚರಗೊಳ್ಳುತ್ತವೆ. 1961ರಲ್ಲಿ ರಾಸ್ ಎಂಬ ವಿಜ್ಞಾನಿ ಇದನ್ನು ತಂಬಾಕಿನಲ್ಲಿ ತೋರಿಸಿದರು. 1979ರಲ್ಲಿ ವೈಟ್ ಎನ್ನುವವರು ತಂಬಾಕಿಗೆ ಆಸ್ಪಿರಿನ್ ಕೊಟ್ಟು, ವೈರಸ್ ರೋಗ ಕಡಿಮೆಯಾಗುವುದನ್ನು ಕಂಡರು. ಆಮೇಲೆ ಗೊತ್ತಾಯಿತು, ಆಸ್ಪಿರಿನ್‌ನ ಸೋದರನಾದ ಸ್ಯಾಲಿಸಿಲಿಕ್ ಆಮ್ಲ ಗಿಡದೊಳಗೇ ಸುದ್ದಿ ಸಾರುವ ಕೆಲಸ ಮಾಡುತ್ತದೆ ಅಂತ. ಅದು ಶತ್ರುವನ್ನು ಕೊಲ್ಲುವ ವಿಷ ಅಲ್ಲ, ಡಂಗುರ.

ಆದರೆ ಡಂಗುರ ಜೋರಾದರೆ ಊರವರ ಕೆಲಸ ಕೆಡುತ್ತದೆ. ನಾನು ಮೆಣಸಿನಕಾಯಿ ಸಸಿಗೆ ಅಂದಾಜಿನ ಮೇಲೆ ಮಾತ್ರೆ ಕರಗಿಸಿ ಹೊಡೆದು ಎಲೆ ಅಂಚು ಸುಟ್ಟುಕೊಂಡವನು. ಮನೆ ಹಿತ್ತಲಲ್ಲಿ ಆಟ ಆಡುವುದಾದರೆ ಒಂದು ಗಿಡಕ್ಕೆ ಆಡಿ. ತೋಟಕ್ಕೆ ಬೇಡ.

ಪ್ರಶ್ನೆ: ಒಂದು ಗಿಡ ಪಕ್ಕದ ಗಿಡಕ್ಕೂ ಹೇಳುತ್ತಾ?

ಸ್ವಲ್ಪ ಮಟ್ಟಿಗೆ. ರೋಗ ತಗುಲಿದ ತಂಬಾಕು ಮೀಥೈಲ್ ಸ್ಯಾಲಿಸಿಲೇಟ್ ಅನ್ನು ಗಾಳಿಗೆ ಬಿಡುತ್ತದೆ, ಪಕ್ಕದ ಗಿಡ ಅದರಿಂದ ಎಚ್ಚರಗೊಳ್ಳುತ್ತದೆ ಅಂತ 1997ರಲ್ಲಿ ತೋರಿಸಿದ್ದಾರೆ. ಮೈಕೈ ನೋವಿಗೆ ತಿಕ್ಕುವ ಬಾಮಿನ ವಾಸನೆ ಇದೆಯಲ್ಲ, ಅದೇ ವಸ್ತು.

ಪ್ರಶ್ನೆ: ಇಷ್ಟು ಒಳ್ಳೆಯದಾದರೆ ಗಿಡ ಯಾವಾಗಲೂ ಮದ್ದು ತುಂಬಿಕೊಂಡೇ ಇರಬಾರದಾ?

ಖರ್ಚು. ಕಾಯಿ ಕಟ್ಟಬೇಕಾದ ಸಕ್ಕರೆಯನ್ನೇ ಮದ್ದಿಗೆ ಹಾಕಬೇಕು. ಅದೂ ಅಲ್ಲದೆ ಆ ವಿಷ ಗಿಡದ ಸ್ವಂತ ಕೋಶಗಳಿಗೂ ವಿಷವೇ. ಅದಕ್ಕೇ ಬೇಕಾದ ಜಾಗದಲ್ಲಿ, ಬೇಕಾದಷ್ಟು ಮಾತ್ರ ಮಾಡುತ್ತದೆ.

ಯೂರಿಯಾ ವಿಷಯವೂ ಇಲ್ಲೇ ಬರುತ್ತದೆ. ಯೂರಿಯಾ ಜಾಸ್ತಿ ಸುರಿದ ಗದ್ದೆ ಕಡು ಹಸಿರಾಗಿ ಕಣ್ಣಿಗೆ ತಂಪು. ಆದರೆ ಎಲೆ ಮೆತ್ತಗೆ, ಗಿಡ ಎಲ್ಲ ಗಳಿಕೆಯನ್ನೂ ಬೆಳವಣಿಗೆಗೇ ಹಾಕಿರುತ್ತದೆ. ಭತ್ತದ ಬೆಂಕಿ ರೋಗ ಮೊದಲು ಹಿಡಿಯುವುದು ಅಂಥ ಗದ್ದೆಯನ್ನೇ. ಭತ್ತಕ್ಕೆ ಸಿಲಿಕಾನ್ ಸಿಕ್ಕರೆ ಎಲೆ ಗಡುಸಾಗುತ್ತದೆ, ರೋಗ ತಡೆಯುವುದೂ ಚುರುಕಾಗುತ್ತದೆ. ಹೊಟ್ಟಿನ ಬೂದಿಯಲ್ಲಿ ಅದು ಧಾರಾಳವಾಗಿದೆ. ಮಿಲ್ಲಿನ ಹಿಂದೆ ರಾಶಿ ಬಿದ್ದಿರುತ್ತದೆ, ಕೇಳಿದರೆ ಕೊಡುತ್ತಾರೆ.

ಪ್ರಶ್ನೆ: ಅಗರ್‌ವುಡ್ ಹಾಕಿ ಅಂತ ಎಲ್ಲರೂ ಹೇಳ್ತಾರೆ. ಅದಕ್ಕೂ ಇದಕ್ಕೂ ಸಂಬಂಧ ಇದೆಯಂತೆ?

ಪೂರ್ತಿ ಸಂಬಂಧ. ಅಗರು ಮರ ಆರೋಗ್ಯವಾಗಿದ್ದರೆ ಅದರ ತಿರುಳು ಬಿಳಿ, ಹಗುರ, ಪರಿಮಳ ಇಲ್ಲ. ಗಾಯವಾಗಿ ಶಿಲೀಂಧ್ರ ಹೊಕ್ಕಾಗ ಮಾತ್ರ ಮರ ತನ್ನ ರಕ್ಷಣೆಗೆ ಕಪ್ಪು ರಾಳ ತುಂಬಿಕೊಳ್ಳುತ್ತದೆ. ಜನ ದುಡ್ಡು ಕೊಡುವುದು ಆ ರಾಳಕ್ಕೆ. ಗಾಯದ ಮೇಲಿನ ಹೆಪ್ಪನ್ನು ಮಾರಿದಂತೆ. ಹಾಲುಮಡ್ಡಿ, ಧೂಪದ ಮರಗಳಲ್ಲೂ ಗಾಯ ಮಾಡಿದರೆ ತಾನೇ ಅಂಟು ಒಸರುವುದು?

ಈಗ ಲೆಕ್ಕ ಹಾಕಿ. ಕೊಪ್ಪ, ಶೃಂಗೇರಿ ಕಡೆಯೆಲ್ಲ ಸಸಿ ನೆಟ್ಟವರಿದ್ದಾರೆ. ಮರ ದೊಡ್ಡದಾದರೆ ಸಾಲದು, ಅದಕ್ಕೆ ಬೇಕೆಂದೇ ತೂತು ಕೊರೆದು ಶಿಲೀಂಧ್ರ ಹಾಕಬೇಕು. ರಾಳ ಎಷ್ಟು ಕಟ್ಟುತ್ತೆ ಅನ್ನುವುದು ಮರದಿಂದ ಮರಕ್ಕೆ ಬೇರೆ. ಹೊರದೇಶಕ್ಕೆ ಕಳಿಸಲು ಅಂತರರಾಷ್ಟ್ರೀಯ ಒಪ್ಪಂದದ ಕಾಗದಪತ್ರಗಳೂ ಬೇಕು. ಬೇಡ ಅನ್ನುವುದಿಲ್ಲ. ಸಸಿ ಮಾರುವವರ ಬಾಯಲ್ಲಿ ಕೇಳಿದ ರೇಟಿಗೆ ಸಾಲ ಮಾಡಬೇಡಿ.

ಪ್ರಶ್ನೆ: ಗಿಡದ ಈ ವಿಷ ನಾವು ತಿಂದರೆ?

ದಿನಾ ತಿನ್ನುತ್ತಿದ್ದೇವೆ. ಅಮೆರಿಕದ ಬ್ರೂಸ್ ಏಮ್ಸ್ ಮತ್ತು ಜೊತೆಯವರು 1990ರಲ್ಲಿ ಹಾಕಿದ ಲೆಕ್ಕದಂತೆ, ಜನ ಊಟದಲ್ಲಿ ತಿನ್ನುವ ಕೀಟನಾಶಕಗಳಲ್ಲಿ ತೂಕದ ಪ್ರಕಾರ 99.99% ಗಿಡಗಳೇ ಮಾಡಿಕೊಂಡವು. ನಮ್ಮ ಲಿವರ್ ಅವಕ್ಕೆ ಒಗ್ಗಿಕೊಂಡಿದೆ. ಹಾಗಂತ ಔಷಧಿ ಹೊಡೆದ ಮರುದಿನ ಕೋಸು ಕೊಯ್ದು ಸಂತೆಗೆ ಹಾಕಲು ಇದು ನೆಪ ಅಲ್ಲ.

ಹುಷಾರಾಗಿರಬೇಕಾದವು ಕೆಲವಿವೆ. ಬಿಸಿಲು ಬಿದ್ದು ಹಸಿರಾದ ಆಲೂಗಡ್ಡೆಯಲ್ಲಿ ಸೋಲನಿನ್ ಎಂಬ ಕಹಿ ವಿಷ ಏರಿರುತ್ತದೆ. ಒಂದು ಕೆಜಿಗೆ 200 ಮಿಲಿಗ್ರಾಂ ದಾಟಬಾರದು ಅನ್ನುವುದು ಸಾಮಾನ್ಯ ಮಿತಿ. ಬೇಯಿಸಿದರೆ ಹೋಗುವುದಿಲ್ಲ. ಕಹಿಯಾದರೆ ಬೀಸಾಡಿ. 1967ರಲ್ಲಿ ಅಮೆರಿಕದಲ್ಲಿ ಲೆನಾಪೆ ಅಂತ ಒಂದು ಆಲೂಗಡ್ಡೆ ತಳಿ ಬಿಟ್ಟರು, ಚಿಪ್ಸಿಗೆ ಬಲು ಚೆನ್ನ. ಸೋಲನಿನ್ ಜಾಸ್ತಿ ಅಂತ 1970ರಲ್ಲಿ ವಾಪಸು ತೆಗೆದುಕೊಂಡರು. ಕಹಿ ಸೋರೆಕಾಯಿಯ ಜ್ಯೂಸ್ ಕುಡಿಯಲೇಬೇಡಿ. ಬೂಷ್ಟು ಹಿಡಿದ ಸಿಹಿಗೆಣಸನ್ನು ದನಕ್ಕೆ ಹಾಕಬೇಡಿ. ಆ ಗೆಣಸು ಬೂಷ್ಟಿನ ವಿರುದ್ಧ ಮಾಡಿಕೊಂಡ ವಸ್ತುವಿನಿಂದ ದನದ ಶ್ವಾಸಕೋಶ ಕೆಡುತ್ತದೆ. ಎಳೆ ಜೋಳದ ಪೈರಿಗೆ ದನ ಬಿಡಬಾರದು ಅನ್ನುವುದು ನಿಮಗೇ ಗೊತ್ತು, ಅದು ಸಯನೈಡ್ ಬಿಡುವ ಧುರಿನ್ ಎಂಬ ವಸ್ತುವಿನಿಂದ.

ಪ್ರಶ್ನೆ: ಬಿತ್ತನೆ ಆಲೂಗಡ್ಡೆ ಕತ್ತರಿಸಿದ ದಿನವೇ ನೆಡಬಹುದಾ?

ಮಾವನವರ ಊರಿನಲ್ಲಿ ಪ್ರತಿ ಮೇ ತಿಂಗಳಲ್ಲಿ ಇದೇ ಜಗಳ. ಪಂಜಾಬಿನಿಂದ ಬಂದ ಬಿತ್ತನೆ ಗಡ್ಡೆಗೆ ರೇಟು ಜಾಸ್ತಿ, ಹಾಗಾಗಿ ಎಲ್ಲರೂ ಹೋಳು ಮಾಡುತ್ತಾರೆ. ಮಳೆ ಬಂದ ದಿನ ಕತ್ತರಿಸಿ ಅವತ್ತೇ ಹಸಿ ಮಣ್ಣಿಗೆ ಹಾಕಿದರೆ, ಹೋಳು ಬಾಗಿಲು ತೆರೆದಿಟ್ಟ ಮನೆಯಂತೆ. ಮೊಳಕೆ ಏಳುವ ಮೊದಲೇ ಕೊಳೆಯುತ್ತದೆ.

ಕತ್ತರಿಸಿದ ಹೋಳಿಗೆ ಕೆಲವು ದಿನ ಕೊಡಿ. ನೆರಳಿರಬೇಕು, ಗಾಳಿಯಾಡಬೇಕು, ಸ್ವಲ್ಪ ತೇವ ಇರಬೇಕು. ರಾಶಿ ಹಾಕಿ ಗೋಣಿ ಮುಚ್ಚಿ ಉಸಿರು ಕಟ್ಟಿಸಬೇಡಿ. ಎರಡು ಮೂರು ದಿನದಲ್ಲಿ ಮುಖದ ಮೇಲೆ ಸುಬೆರಿನ್ ಎಂಬ ಬೆಂಡಿನಂಥ ಪದರ ಕಟ್ಟುತ್ತದೆ, ಒಂದು ವಾರದ ಹೊತ್ತಿಗೆ ಅದರ ಕೆಳಗೆ ಹೊಸ ಸಿಪ್ಪೆಯೇ ಬರುತ್ತದೆ. ಗಾಯವಾದ ಜಾಗದಲ್ಲಿ ಸೋಲನಿನ್ ಜಾತಿಯ ಕಹಿಯೂ ಏರುತ್ತದೆ. ಶಿಲೀಂಧ್ರವೇ ಬಂದರೆ ಗಡ್ಡೆ ಆ ಕಹಿ ಬಿಟ್ಟು ರಿಶಿಟಿನ್ ಮಾಡಲು ಶುರುಮಾಡುತ್ತದೆ.

ನಂಬಿಕೆ ಬಾರದಿದ್ದರೆ ಅಡುಗೆಮನೆಯಿಂದ ಒಂದು ಗಡ್ಡೆ ತೆಗೆದು ಎರಡು ಹೋಳು ಮಾಡಿ, ತಟ್ಟೆಯಲ್ಲಿಟ್ಟು ಒದ್ದೆ ಬಟ್ಟೆಯನ್ನು ಸಡಿಲವಾಗಿ ಮುಚ್ಚಿ. ಇವತ್ತು ಆ ಮುಖದ ಮೇಲೆ ಉಗುರು ಎಳೆದರೆ ನೀರು ಬರುತ್ತದೆ. ನಾಲ್ಕೈದು ದಿನ ಬಿಟ್ಟು ಎಳೆಯಿರಿ. ಉಗುರು ಜಾರುತ್ತದೆ, ಒಣ ಚರ್ಮದ ಮೇಲೆ ಗೀರಿದಂತೆ ಸದ್ದಾಗುತ್ತದೆ. ಮಾವನವರು ಅದನ್ನು ಮುಟ್ಟಿ ನೋಡಿ, ಮರುದಿನದ ಆಳುಗಳಿಗೆ ನಾಲ್ಕು ದಿನ ಬಿಟ್ಟು ಬನ್ನಿ ಅಂತ ಫೋನ್ ಮಾಡಿದರು.